ಕೇಳದೆ ಸಿಗಬೇಕಾದದ್ದು

ವಿಜಯಪುರ ಜಿಲ್ಲೆ ಇಂಡಿ ತಾಲ್ಲೂಕಿನ ಒಂದು ಸರ್ಕಾರಿ ಪ್ರೌಢಶಾಲೆಯಲ್ಲಿ ಮುಖ್ಯಗುರುಗಳ ಕೋಣೆಯ ಕಪಾಟಿನೊಳಗೆ ಸ್ಯಾನಿಟರಿ ಪ್ಯಾಡಿನ ಪೊಟ್ಟಣಗಳು ಬಂದ ದಿನ ಹೇಗೆ ಜೋಡಿಸಿದ್ದರೋ ಹಾಗೆಯೇ ಇದ್ದವು. ದಾಸ್ತಾನು ಪುಸ್ತಕದಲ್ಲಿ ಬಂದ ಲೆಕ್ಕಕ್ಕೂ ಉಳಿದ ಲೆಕ್ಕಕ್ಕೂ ಹೇಳಿಕೊಳ್ಳುವಂಥ ಅಂತರವಿರಲಿಲ್ಲ. ಅದೇ ಶಾಲೆಯಲ್ಲಿ, ಅದೇ ದಿನ ಮಧ್ಯಾಹ್ನದ ಊಟದ ಬಿಡುವಿನಲ್ಲಿ, ಒಂಬತ್ತನೆಯ ತರಗತಿಯ ಹುಡುಗಿಯೊಬ್ಬಳು "ಹೊಟ್ಟಿ ನೋಯಾಕತ್ತೈತ್ರಿ" ಎಂದು ಹೇಳಿ, ಪಾಟಿಚೀಲವನ್ನು ಬೆನ್ನಿಗಲ್ಲದೆ ಸೊಂಟದ ಕೆಳಗೆ ಬರುವಂತೆ ಇಳಿಬಿಟ್ಟುಕೊಂಡು ತಾಂಡಾದ ದಾರಿ ಹಿಡಿದಳು. ಕಪಾಟಿನ ಕೀಲಿಕೈ ಮುಖ್ಯಗುರುಗಳ ಮೇಜಿನ ಮೇಲೆಯೇ ಇತ್ತು. ಅವರು ಒಳ್ಳೆಯ ಮನುಷ್ಯರು, ಯಾರೇ ಬಂದು ಕೇಳಿದರೂ ಕೊಡುತ್ತಿದ್ದರು. ಯಾರೂ ಕೇಳುತ್ತಿರಲಿಲ್ಲ.

ಪ್ಯಾಡ್ ಇದೆ, ಬೇಕಾದವಳೂ ಇದ್ದಾಳೆ, ನಡುವೆ ಹತ್ತು ಹೆಜ್ಜೆಯ ದೂರ. ಆ ದೂರವನ್ನು ದಾಟಿಸಲು ನಮ್ಮ ಯಾವ ಯೋಜನೆಯೂ ಯೋಚಿಸಿಲ್ಲವೆಂಬುದು ಅಂದಿನಿಂದ ನನ್ನನ್ನು ಬಿಡದೆ ಕಾಡುತ್ತಿದೆ. ನಾನು ಆ ಶಾಲೆಗೆ ಹೋಗಿದ್ದು ಒಬ್ಬ ಅಕ್ಕನ ಜೊತೆಗೆ. ಮುದ್ದೇಬಿಹಾಳ ಕಡೆಯವರು, ಮೊದಲು ಅಂಗನವಾಡಿ ಕಾರ್ಯಕರ್ತೆಯಾಗಿದ್ದವರು, ಈಗ ಜಿಲ್ಲೆಯ ಹಳ್ಳಿಶಾಲೆಗಳನ್ನು ಸುತ್ತುತ್ತ ಹೆಣ್ಣುಮಕ್ಕಳ ಮುಟ್ಟಿನ ದಿನಗಳ ಕಷ್ಟವನ್ನೇ ತಮ್ಮ ಕೆಲಸ ಮಾಡಿಕೊಂಡವರು. ಹೆಸರು ಬರೆಯಬೇಡಿ ಎಂದು ಕೇಳಿಕೊಂಡಿರುವುದರಿಂದ ಇಲ್ಲಿಯೂ ಅಕ್ಕ ಎಂದೇ ಕರೆಯುತ್ತೇನೆ. ಅವರು ಪ್ಯಾಡ್ ಹಂಚುವುದಕ್ಕಿಂತ ಹೆಚ್ಚಾಗಿ, ಹಂಚಿದ ಪ್ಯಾಡ್ ಏನಾಯಿತು ಎಂದು ಕೇಳುತ್ತ ತಿರುಗುತ್ತಾರೆ. ಅವರ ಹೋರಾಟದ ಬೇಡಿಕೆ ಒಂದೇ ಮಾತಿನದು: ಹುಡುಗಿ ಬಾಯಿಬಿಟ್ಟು ಕೇಳದೆ ಇದು ಅವಳಿಗೆ ಸಿಗಬೇಕು.

ನಿಂತದ್ದು ಗೊತ್ತಾಗಲಿಲ್ಲ

ನಮ್ಮ ರಾಜ್ಯದಲ್ಲಿ ಶುಚಿ ಯೋಜನೆ ಶುರುವಾದದ್ದು 2013–14ರಲ್ಲಿ. ಸರ್ಕಾರಿ ಶಾಲೆ ಮತ್ತು ವಸತಿನಿಲಯಗಳ ಕಿಶೋರಿಯರಿಗೆ ಉಚಿತವಾಗಿ ಪ್ಯಾಡ್ ಕೊಡುವ ಆ ಯೋಜನೆ ದೇಶದಲ್ಲಿ ಮೊದಲು ಎದ್ದುನಿಂತ ಪ್ರಯತ್ನಗಳಲ್ಲಿ ಒಂದು. ಅದಕ್ಕೂ ಮೊದಲು, 2011ರಲ್ಲಿ, ಕೇಂದ್ರದ ಯೋಜನೆಯಡಿ ಆಯ್ದ ಜಿಲ್ಲೆಗಳಲ್ಲಿ ಆಶಾ ಕಾರ್ಯಕರ್ತೆಯರು ಆರು ಪ್ಯಾಡಿನ ಪೊಟ್ಟಣವನ್ನು 6 ರೂಪಾಯಿಗೆ ಮನೆಮನೆಗೆ ಮುಟ್ಟಿಸತೊಡಗಿದ್ದರು. 2018ರ ಜುಲೈನಲ್ಲಿ ಪ್ಯಾಡಿನ ಮೇಲಿದ್ದ ಶೇ 12ರ ಜಿಎಸ್‌ಟಿ ಹೋಯಿತು. 2019ರ ಆಗಸ್ಟಿನಿಂದ ಜನೌಷಧಿ ಕೇಂದ್ರಗಳಲ್ಲಿ ಒಂದು ಪ್ಯಾಡಿಗೆ 1 ರೂಪಾಯಿ ಆಯಿತು. ಕಾಗದದ ಮೇಲೆ ನೋಡಿದರೆ ನಮ್ಮ ಹುಡುಗಿಯರಿಗೆ ಯಾವುದೂ ಕಡಿಮೆಯಾಗಿಲ್ಲ.

ಆದರೆ ಕೋವಿಡ್ ಕಾಲಕ್ಕೆ, 2020ರಲ್ಲಿ, ಶಾಲೆಗಳ ಬಾಗಿಲು ಮುಚ್ಚಿದಾಗ ಶುಚಿಯೂ ನಿಂತಿತು. ಶಾಲೆಗಳು ಮತ್ತೆ ತೆರೆದವು, ಬಿಸಿಯೂಟ ಮತ್ತೆ ಶುರುವಾಯಿತು, ಪಠ್ಯಪುಸ್ತಕ ಬಂದವು, ಪ್ಯಾಡ್ ಮಾತ್ರ ಬರಲಿಲ್ಲ. ಅದು ಮರಳಿ ಬಂದದ್ದು 2024ರಲ್ಲಿ. ನಡುವಿನ ಆ ವರ್ಷಗಳಲ್ಲಿ ಒಬ್ಬ ಹುಡುಗಿ ಆರನೆಯ ತರಗತಿಯಿಂದ ಹತ್ತನೆಯ ತರಗತಿಗೆ ಬರುತ್ತಾಳೆ, ಅಂದರೆ ಒಂದಿಡೀ ತಲೆಮಾರಿನ ವಿದ್ಯಾರ್ಥಿನಿಯರು ತಮಗೆ ಇಂಥದ್ದೊಂದು ಸಿಗಬೇಕಿತ್ತು ಎಂಬುದನ್ನೇ ಅರಿಯದೆ ಪ್ರೌಢಶಾಲೆ ಮುಗಿಸಿದರು. ಬಿಸಿಯೂಟ ಎರಡು ದಿನ ನಿಂತರೆ ತಂದೆತಾಯಂದಿರು ಶಾಲೆಯ ಮುಂದೆ ಬಂದು ನಿಲ್ಲುತ್ತಾರೆ, ಪಂಚಾಯಿತಿ ಸದಸ್ಯರು ಫೋನ್ ಮಾಡುತ್ತಾರೆ, ಮರುದಿನ ಪತ್ರಿಕೆಯಲ್ಲಿ ಚಿತ್ರ ಬರುತ್ತದೆ. ಶುಚಿ ನಿಂತಾಗ ನಮ್ಮ ಕಡೆಯ ಯಾವ ಊರಿನಲ್ಲೂ ಯಾರೂ ಶಾಲೆಯ ಮುಂದೆ ಬಂದು ನಿಂತದ್ದನ್ನು ನಾನು ಕಾಣಲಿಲ್ಲ. ಕೋರ್ಟಿನ ಮೆಟ್ಟಿಲು ಹತ್ತಿದವರಿದ್ದಾರೆ, ಅವರಿಗೆ ನಾನು ಋಣಿ. ಆದರೆ ಊರೊಳಗಿಂದ ಎದ್ದ ದನಿ ಇರಲಿಲ್ಲ. ಪಡೆಯುವವಳು ಬಾಯಿಬಿಟ್ಟು ಹೆಸರಿಸಲಾಗದ ವಸ್ತುವನ್ನು ಕಿತ್ತುಕೊಳ್ಳುವುದು ಸರ್ಕಾರಕ್ಕೆ ಎಷ್ಟು ಸುಲಭ ಎಂಬುದನ್ನು ನಾನು ಆ ವರ್ಷಗಳಲ್ಲಿ ಕಂಡೆ.

ಕೇಳದಿರುವುದಕ್ಕೆ ನಾಚಿಕೆಯೊಂದೇ ಕಾರಣವಲ್ಲ. ಬಾಗಲಕೋಟೆ, ವಿಜಯಪುರ, ಬೆಳಗಾವಿಯ ಹಳ್ಳಿಗಳನ್ನು ಬಲ್ಲವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. "ದೊಡ್ಡಾಕಿ ಆಗ್ಯಾಳ" ಎಂಬ ಸುದ್ದಿ ಓಣಿಯಲ್ಲಿ ಹಬ್ಬಿದ ಮರುವಾರವೇ ಸೋದರಮಾವನ ಮನೆಯಿಂದ ಮಾತು ಬರುತ್ತದೆ. 2016ರ ತಿದ್ದುಪಡಿಯ ನಂತರ ಕರ್ನಾಟಕದಲ್ಲಿ ಬಾಲ್ಯವಿವಾಹ ಮೊದಲಿನಿಂದಲೇ ಅಸಿಂಧು. ಹಾಗಿದ್ದೂ ಜಾತ್ರೆಯ ಗದ್ದಲದಲ್ಲಿ, ಗಡಿಯಾಚೆ ಮಹಾರಾಷ್ಟ್ರದ ಯಾವುದೋ ಗುಡಿಯಲ್ಲಿ ಮದುವೆಗಳು ನಡೆದುಹೋಗುತ್ತವೆ. ಹೀಗಾಗಿ ಮೊದಲ ಮುಟ್ಟನ್ನು ಅವ್ವನಿಂದಲೂ ಬಚ್ಚಿಡುವ ಹುಡುಗಿಯರಿದ್ದಾರೆ. ಅಂಥವಳು ಶಾಲೆಯ ಕಪಾಟಿನ ಮುಂದೆ ನಿಂತು ಒಂದು ಪೊಟ್ಟಣ ಕೊಡಿ ಎಂದರೆ, ದಾಸ್ತಾನು ಪುಸ್ತಕದಲ್ಲಿ ಅವಳ ಹೆಸರು ಬರೆದು ಸಹಿ ಮಾಡಿಸಿಕೊಂಡರೆ, ಊರಿಗೆ ತಾನೇ ಡಂಗುರ ಸಾರಿದಂತೆ. ಓದು ಉಳಿಯಲಿ ಎಂದು ಬಾಯಿಮುಚ್ಚಿಕೊಂಡವಳಿಗೆ ನಾವು ಬಾಯಿಬಿಟ್ಟರೆ ಮಾತ್ರ ಕೊಡುತ್ತೇವೆ ಎನ್ನುವ ಯೋಜನೆ ಮಾಡಿಟ್ಟಿದ್ದೇವೆ.

ಎದಕ್ಕ ಹಚ್ಚಬೇಕ್ರಿ

ಅಕ್ಕನ ಕೆಲಸದ ದಿಕ್ಕು ಬದಲಾದದ್ದು ಒಂದು ಪ್ರಶ್ನೆಯಿಂದ. ಸಿಂದಗಿ ಕಡೆಯ ಒಂದು ತಾಂಡಾದ ಹುಡುಗಿಯರಿಗೆ ಅವರು ಪ್ಯಾಡ್ ಬಳಸುವ ಬಗೆಯನ್ನು ತೋರಿಸುತ್ತಿದ್ದರು. ನಾನೂ ಗೋಡೆಗೆ ಒರಗಿ ಕುಳಿತಿದ್ದೆ. ಹಿಂದಿನ ಅಂಟುಕಾಗದವನ್ನು ಕಿತ್ತು, ಹೀಗೆ ಒತ್ತಬೇಕು, ನಾಲ್ಕರಿಂದ ಆರು ತಾಸಿಗೊಮ್ಮೆ ಬದಲಿಸಬೇಕು ಎಂದು ಅವರು ಹೇಳಿ ಮುಗಿಸಿದರು. ಹುಡುಗಿಯರು ತಲೆಯಾಡಿಸಿದರು, ಚಪ್ಪಾಳೆ ತಟ್ಟಿದರು, ಎದ್ದು ಹೋದರು. ಒಬ್ಬಳು ಮಾತ್ರ ಬಾಗಿಲ ಮರೆಯಲ್ಲಿ ಉಳಿದಳು. ಏಳನೆಯ ತರಗತಿಯವಳಿರಬೇಕು, ಬಹಳ ಸಣ್ಣ ಮೈಕಟ್ಟು. ಎಲ್ಲರೂ ದೂರವಾದ ಮೇಲೆ ಹತ್ತಿರ ಬಂದು ಕೈಯಲ್ಲಿದ್ದ ಪ್ಯಾಡನ್ನು ಮುಂದೆ ಹಿಡಿದು, "ಅಕ್ಕಾರ, ಇದನ್ನ ಎದಕ್ಕ ಹಚ್ಚಬೇಕ್ರಿ?" ಎಂದಳು. ಅಕ್ಕ ಇನ್ನೊಮ್ಮೆ ತೋರಿಸಲು ಹೊರಟರು. ಹುಡುಗಿ ತಲೆ ತಗ್ಗಿಸಿದಳು. ಅವಳ ಲಂಗದ ಒಳಗೆ ಅದನ್ನು ಅಂಟಿಸಲು ಏನೂ ಇರಲಿಲ್ಲ. ಮನೆಯಲ್ಲಿದ್ದದ್ದು ಒಂದೇ ಚಡ್ಡಿ, ಅದನ್ನು ಆ ದಿನ ಅವಳ ಅಕ್ಕ ಹಾಕಿಕೊಂಡು ಹೋಗಿದ್ದಳು.

ಆ ಮಾತು ಕೇಳಿದ ಮೇಲೆ ನನಗೆ ನಮ್ಮ ಅವ್ವನ ಕಾಲದ ರೀತಿ ಬೇರೆಯೇ ಬೆಳಕಿನಲ್ಲಿ ಕಾಣತೊಡಗಿತು. ನಾನು ಬೆಳೆದದ್ದು ರಬಕವಿ–ಬನಹಟ್ಟಿಯ ನೇಕಾರರ ಓಣಿಯಲ್ಲಿ. ಅಲ್ಲಿ ಮಗ್ಗದ ಸದ್ದಿಲ್ಲದ ಹೊತ್ತೇ ಇರುತ್ತಿರಲಿಲ್ಲ. ನನ್ನ ಸರದಿ ಬಂದಾಗ ಅವ್ವ ಅಪ್ಪನ ಹಳೆಯ ಧೋತರವನ್ನು ಟ್ರಂಕಿನಿಂದ ತೆಗೆದು, ಅಂಚು ಬಿಟ್ಟು ಅಗಲವಾಗಿ ಹರಿದು, ಒಂದೊಂದನ್ನೂ ನಾಲ್ಕು ಮಡಿಕೆ ಮಾಡಿ, ಸೊಂಟಕ್ಕೆ ಲಾಡಿ ಕಟ್ಟಿ ಹಿಂದೆ ಮುಂದೆ ಸಿಕ್ಕಿಸುವುದನ್ನು ಕಲಿಸಿದಳು. ಹತ್ತಾರು ವರ್ಷ ಒಗೆದು ಒಗೆದು ಬೆಣ್ಣೆಯಷ್ಟು ಮೆತ್ತಗಾದ ನೂಲಿನ ಬಟ್ಟೆ ಅದು. ನೀರು ಬಿದ್ದ ಕೂಡಲೆ ಹೀರುತ್ತಿತ್ತು. ಆ ರೀತಿಗೆ ಒಳ ಉಡುಪು ಬೇಕೇ ಇರಲಿಲ್ಲ. ಲಾಡಿಯೇ ಆಧಾರ. ಅದು ಸುಖದ್ದಾಗಿತ್ತು ಎಂದು ನಾನು ಹೇಳುತ್ತಿಲ್ಲ. ತೊಡೆ ಉಜ್ಜಿ ಗಾಯವಾಗುತ್ತಿತ್ತು, ಒಗೆದದ್ದನ್ನು ದನದ ಕೊಟ್ಟಿಗೆಯ ಕತ್ತಲಲ್ಲಿ ಒಣಗಿಸಬೇಕಿತ್ತು, ಮಳೆಗಾಲದಲ್ಲಿ ಹಸಿಯದನ್ನೇ ಮತ್ತೆ ಕಟ್ಟಿಕೊಂಡು ತುರಿಕೆಯೆದ್ದು ಅಳುತ್ತಿದ್ದೆ. ಆದರೂ ಬಡವರ ಮನೆಯಲ್ಲಿಯೂ ಆ ಬಟ್ಟೆ ಇತ್ತು, ಅದನ್ನು ಕೊಳ್ಳಬೇಕಿರಲಿಲ್ಲ.

ಇವತ್ತು ಆ ಬಟ್ಟೆಯೂ ಇಲ್ಲ. ತಾಂಡಾದ ಮನೆಗಳಲ್ಲಿ ಹಳೆಯ ಸೀರೆ ಎಂದು ಟ್ರಂಕಿನಿಂದ ತೆಗೆದರೆ ಬರುವುದು ಪಾಲಿಯೆಸ್ಟರ್. ಸಂತೆಯಲ್ಲಿ ಅದು ಅಗ್ಗ, ಬೇಗ ಒಣಗುತ್ತದೆ, ಬಾಳಿಕೆ ಬರುತ್ತದೆ, ನಮ್ಮ ಹೆಣ್ಣುಮಕ್ಕಳು ಅದನ್ನು ಕೊಳ್ಳುವುದರಲ್ಲಿ ತಪ್ಪೇನೂ ಇಲ್ಲ. ಆದರೆ ಅದರ ತುಂಡು ಏನನ್ನೂ ಹೀರುವುದಿಲ್ಲ. ಒಂದು ಕಡೆ ಹಳೆಯ ನೂಲು ಮನೆಯಿಂದ ಹೋಯಿತು, ಇನ್ನೊಂದು ಕಡೆ ಹೊಸದಾಗಿ ಬಂದ ಪ್ಯಾಡು ಪ್ರತಿಯೊಬ್ಬಳ ಬಳಿಯೂ ನಾಲ್ಕಾರು ಒಳ್ಳೆಯ ಒಳ ಉಡುಪುಗಳಿವೆ ಎಂದು ಮೊದಲೇ ಒಪ್ಪಿಕೊಂಡು ತಯಾರಾದದ್ದು. ಈ ಎರಡರ ನಡುವೆ ಸಿಕ್ಕವಳು ಆ ಏಳನೆಯ ತರಗತಿಯ ಹುಡುಗಿ. 2019–21ರ ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯ ಪ್ರಕಾರ 15ರಿಂದ 24 ವರ್ಷದ ಶೇ 77.3ರಷ್ಟು ಹೆಣ್ಣುಮಕ್ಕಳು ಸ್ವಚ್ಛ ವಿಧಾನ ಬಳಸುತ್ತಾರೆ, ಹಿಂದಿನ ಸಮೀಕ್ಷೆಯಲ್ಲಿ ಅದು ಶೇ 57.6 ಇತ್ತು. ಇದು ಸಂತೋಷದ ಏರಿಕೆಯೇ. ಆದರೆ ಅದೇ ಸಮೀಕ್ಷೆಯಲ್ಲಿ ಸುಮಾರು ಅರ್ಧದಷ್ಟು ಮಂದಿ ಬಟ್ಟೆಯನ್ನೂ ಬಳಸುತ್ತೇವೆ ಎಂದಿದ್ದಾರೆ. ಕೈಗೆ ಸಿಕ್ಕಾಗ ಪ್ಯಾಡ್, ಇಲ್ಲದಾಗ ಬಟ್ಟೆ ಎಂಬ ಬದುಕು ಆ ಎರಡು ಅಂಕಿಗಳ ನಡುವೆ ಇದೆ. ಆ ಬಟ್ಟೆ ಯಾವುದು, ಅದನ್ನು ಎಲ್ಲಿ ಒಣಗಿಸಿದಳು ಎಂಬುದು ಅಂಕಿಯಲ್ಲಿ ಬರುವುದಿಲ್ಲ.

ಆ ದಿನದ ನಂತರ ಅಕ್ಕನ ಚೀಲದಲ್ಲಿ ಪ್ಯಾಡಿಗಿಂತ ಚಡ್ಡಿಗಳೇ ಹೆಚ್ಚು. ದಾನ ಕೊಡುವವರು ಇದಕ್ಕೆ ಹಿಂದೆಗೆಯುತ್ತಾರೆ. ಪ್ಯಾಡಿನ ಪೊಟ್ಟಣ ಹಿಡಿದು ಫೋಟೋ ತೆಗೆಸಿಕೊಳ್ಳಬಹುದು, ಇದನ್ನು ಹಿಡಿದು ಆಗುವುದಿಲ್ಲವಲ್ಲ. ವಿದ್ಯಾ ವಿಕಾಸ ಯೋಜನೆಯಲ್ಲಿ ಸರ್ಕಾರ ಪ್ರತಿ ವರ್ಷ ಮಕ್ಕಳಿಗೆ ಸಮವಸ್ತ್ರ ಕೊಡುತ್ತದೆ, ಕಾಲಿಗೆ ಶೂ, ಸಾಕ್ಸ್ ಕೊಡುತ್ತದೆ. ಹುಡುಗಿಯರಿಗೆ ಅದರ ಜೊತೆಗೆ ಒಳ ಉಡುಪನ್ನೂ ಸೇರಿಸಿ ಎಂದು ಅಕ್ಕ ಕೇಳುತ್ತಿದ್ದಾರೆ. ಇದಕ್ಕಿಂತ ನ್ಯಾಯವಾದ ಬೇಡಿಕೆಯನ್ನು ನಾನು ಈಚಿನ ವರ್ಷಗಳಲ್ಲಿ ಕೇಳಿಲ್ಲ.

ಟಾಕಿ, ಕೀಲಿ, ಚಿಲಕ

ಇನ್ನೊಂದು ದಿನದ ನೆನಪು ಶಾಲಾಭಿವೃದ್ಧಿ ಸಮಿತಿಯ ಸಭೆಯದು. ಬೇಸಿಗೆ ಆಗಲೇ ಹತ್ತಿತ್ತು, ವರಾಂಡದ ನೆರಳಿನಲ್ಲಿ ಜಮಖಾನ ಹಾಸಿದ್ದರು. ಗಂಡಸರು ಮುಂದೆ, ತಾಯಂದಿರು ಕಂಬದ ಹಿಂದೆ. ಅಕ್ಕ ವಿಷಯಕ್ಕೆ ಬಂದ ಕೂಡಲೆ ಹಿರಿಯರೊಬ್ಬರು ಹೆಗಲ ಮೇಲಿನ ವಲ್ಲಿ ಸರಿಮಾಡಿಕೊಂಡು, ಇವೆಲ್ಲ ಹೆಣ್ಣುಮಕ್ಕಳ ಮಾತು, ನಾವು ಹೊರಗಿರುತ್ತೇವೆ ಎಂದು ಏಳತೊಡಗಿದರು. ಅವರ ಹಿಂದೆ ಇನ್ನೂ ನಾಲ್ವರು ಎದ್ದರು. ಅಕ್ಕ ದನಿ ಏರಿಸಲಿಲ್ಲ. "ಕುಂದರ್ರಿ ಅಣ್ಣಾರ. ಟಾಕಿಗೆ ನೀರ ಬಿಡಾವ್ರು ನೀವು, ಪಾಯಖಾನಿ ಕೀಲಿ ಇಟಗೊಂಡಾವ್ರು ನೀವು. ನೀವು ಎದ್ದು ಹ್ವಾದ್ರ ನಾ ಯಾರ ಮುಂದ ಮಾತಾಡ್ಲಿ?" ಎಂದರು. ಹಿರಿಯರು ಕುಳಿತರು. ಅಲ್ಲಿಂದ ಮುಂದೆ ಮುಕ್ಕಾಲು ತಾಸು ಮುಟ್ಟು ಎಂಬ ಮಾತೇ ಬರಲಿಲ್ಲ. ನೀರು, ಕೀಲಿ, ಚಿಲಕ, ಕಸ ಇವಷ್ಟೇ ಬಂದವು, ಮತ್ತು ಅವೆಲ್ಲದರ ಬಗ್ಗೆ ಗಂಡಸರಿಗೆ ಹೇಳಲು ಬೇಕಾದಷ್ಟಿತ್ತು.

ಊರಿನ ನೀರಗಂಟಿ ಹೇಳಿದ: "ನಾ ಮುಂಜಾನಿ ಆರಕ್ಕ ಸಾಲಿ ಟಾಕಿ ತುಂಬಸ್ತೀನ್ರಿ. ಗಂಟಿ ಹೊಡಿಯೂದ್ರಾಗ ಅರ್ಧಾ ಖಾಲಿ ಆಗಿರತೈತಿ." ಸುತ್ತಲಿನ ಮನೆಯವರು ಪೈಪು ಹಾಕಿ ಎಳೆದುಕೊಳ್ಳುತ್ತಿದ್ದರು. ಅವರನ್ನೂ ದೂರುವಂತಿಲ್ಲ, ಅವರ ನಲ್ಲಿಗೆ ವಾರಕ್ಕೊಮ್ಮೆ ನೀರು. ಆಲಮಟ್ಟಿಯ ಹಿನ್ನೀರು ಇದೇ ಜಿಲ್ಲೆಯಲ್ಲಿ ತುಂಬಿ ನಿಂತಿರುವಾಗ ಅದೇ ಜಿಲ್ಲೆಯ ಊರುಗಳು ಟ್ಯಾಂಕರ್ ಕಾಯುವ ಸ್ಥಿತಿ ನಮಗೆ ಹೊಸದಲ್ಲ. ಕಡೆಗೆ ಮೋಟಾರಿನ ಹೊತ್ತನ್ನು ಹನ್ನೊಂದಕ್ಕೆ ಬದಲಿಸುವುದೆಂದಾಯಿತು. ಕೀಲಿಯ ವಿಷಯಕ್ಕೆ ಬಂದಾಗ, ಶಿಕ್ಷಣ ಹಕ್ಕು ಕಾಯ್ದೆ 2009ರಲ್ಲೇ ಹೆಣ್ಣುಮಕ್ಕಳಿಗೆ ಬೇರೆ ಶೌಚಾಲಯ ಇರಲೇಬೇಕು ಎಂದಿದೆ, ಇಲ್ಲಿ ಶೌಚಾಲಯವೂ ಇದೆ, ಮತ್ತೇಕೆ ಬೀಗ ಎಂದು ಅಕ್ಕ ಕೇಳಿದರು. ಸಂಜೆ ಹೊರಗಿನವರು ಬಂದು ಹೊಲಸು ಮಾಡುತ್ತಾರೆ ಎಂದು ಉತ್ತರ ಬಂತು. ಅದು ಸುಳ್ಳಲ್ಲ. ಹಾಗಾದರೆ ಸಂಜೆ ಬೀಗ ಹಾಕಿ, ಹಗಲೇಕೆ? ಯಾರಿಗೂ ಉತ್ತರವಿರಲಿಲ್ಲ. ಹಗಲು ಬೀಗ ತೆಗೆದಿಡುವುದು, ಒಳಗಿನಿಂದ ಗಟ್ಟಿ ಚಿಲಕ ಹಾಕಿಸುವುದು ಎಂದು ಬರೆದುಕೊಂಡರು.

ಕಸದ ಮಾತು ಇನ್ನೂ ಕಠಿಣ. ಬಳಸಿದ ಪ್ಯಾಡನ್ನು ಎಸೆಯಲು ಮುಚ್ಚಳವಿರುವ ಒಂದು ಬುಟ್ಟಿಯೂ ಇಲ್ಲದ ಶಾಲೆಯಲ್ಲಿ ಹುಡುಗಿಯರು ಅದನ್ನು ನೋಟುಬುಕ್ಕಿನ ಹಾಳೆಯಲ್ಲಿ ಸುತ್ತಿ ಪಾಟಿಚೀಲದಲ್ಲಿಟ್ಟುಕೊಂಡು ಮನೆಗೆ ಒಯ್ಯುತ್ತಾರೆ, ಇಲ್ಲವೇ ಬದಲಿಸದೆ ಸಂಜೆಯವರೆಗೂ ಕೂರುತ್ತಾರೆ. ಹೊರಪದರ ಪ್ಲಾಸ್ಟಿಕ್ಕಿನದಾದ್ದರಿಂದ ಹೂತರೂ ಅದು ಕೊಳೆಯುವುದಿಲ್ಲ, ನಾಯಿಗಳು ಎಳೆದಾಡುತ್ತವೆ. ಕೆಲವು ಶಾಲೆಗಳಲ್ಲಿ ಸುಡುವ ಯಂತ್ರ ಕೊಟ್ಟಿದ್ದಾರೆ, ನಾನು ಕಂಡವು ವಿದ್ಯುತ್ ಸಂಪರ್ಕವಿಲ್ಲದೆ ಗೋಡೆಯಲ್ಲಿ ತುಕ್ಕು ಹಿಡಿಯುತ್ತಿದ್ದವು. ಪರಿಸರದ ಕಾಳಜಿಯಿಂದ ಬಟ್ಟೆಯ ಪ್ಯಾಡನ್ನೇ ಬಳಸಿ ಎಂದು ಬೆಂಗಳೂರಿನಿಂದ ಬಂದು ಹೇಳುವವರ ಬಗ್ಗೆ ನನಗೆ ಗೌರವವಿದೆ, ಆದರೆ ಅದನ್ನು ಒಗೆಯಲು ಒಂದು ಕೊಡ ನೀರು ಬೇಕು, ಒಣಗಿಸಲು ಬಿಸಿಲಿನಲ್ಲಿ ಕಟ್ಟಿದ ಹಗ್ಗ ಬೇಕು. ಬಿಸಿಲು ನಮ್ಮಲ್ಲಿ ಬೇಕಾದಷ್ಟಿದೆ. ಆ ಹಗ್ಗದ ಮೇಲೆ ಅದನ್ನು ಹರವಲು ಮನೆಯವರು ಬಿಡಬೇಕು. ಅಕ್ಕ ಇದಕ್ಕೊಂದು ದಾರಿ ಕಂಡುಕೊಂಡಿದ್ದಾರೆ. ಸ್ತ್ರೀಶಕ್ತಿ ಸಂಘದ ಹೊಲಿಗೆ ಬಲ್ಲ ಹೆಣ್ಣುಮಕ್ಕಳಿಂದ, ಬನಹಟ್ಟಿಯ ನೂಲಿನ ಬಟ್ಟೆಯಲ್ಲಿ, ದಟ್ಟ ಬಣ್ಣದ ಚೌಕಳಿಯಲ್ಲಿ ಹೊಲಿಸುತ್ತಾರೆ. ಬಿಚ್ಚಿ ಹರವಿದರೆ ಕರವಸ್ತ್ರದ ಹಾಗೆ ಕಾಣುವುದರಿಂದ ಅಂಗಳದಲ್ಲೇ ಒಣಗುತ್ತದೆ. ನೀರಿರುವ ಊರಿಗೆ ಅದು, ನೀರಿಲ್ಲದ ಊರಿಗೆ ಪ್ಯಾಡು. ಯಾವುದು ಬೇಕೆಂದು ಹುಡುಗಿಯೇ ಆರಿಸಲಿ ಎಂಬುದು ಅವರ ನಿಲುವು, ನನ್ನದೂ ಅದೇ.

ಬಾಗೇವಾಡಿಯ ನೆಲದಲ್ಲಿ

ಬಸವಣ್ಣ ಹುಟ್ಟಿದ ಬಾಗೇವಾಡಿ ಇದೇ ವಿಜಯಪುರ ಜಿಲ್ಲೆಯದು, ಅವರ ಐಕ್ಯಸ್ಥಳ ಕೂಡಲಸಂಗಮ ಪಕ್ಕದ ಬಾಗಲಕೋಟೆಯದು. ಜನನ, ಮರಣ, ಎಂಜಲು, ಜಾತಿ, ರಜಸ್ಸು ಎಂಬ ಐದು ಸೂತಕಗಳನ್ನೂ ಶರಣರು ಹನ್ನೆರಡನೆಯ ಶತಮಾನದಲ್ಲೇ ಅಲ್ಲಗಳೆದರು. ಲಿಂಗ ಕಟ್ಟಿದ ಹೆಣ್ಣಿಗೆ ಮುಟ್ಟಿನ ದಿನವೂ ಪೂಜೆ ತಪ್ಪಬೇಕಿಲ್ಲ. ಈ ಮಾತನ್ನು ಪ್ರವಚನದಲ್ಲಿ ಕೇಳಿ ತಲೆದೂಗುವ ಮನೆಗಳಲ್ಲೇ ಹುಡುಗಿಯನ್ನು ಮೂಲೆಯಲ್ಲಿ ಬೇರೆ ತಾಟು, ಬೇರೆ ಚಾದರ ಕೊಟ್ಟು ಕೂರಿಸುವುದನ್ನು ನಾನು ಕಂಡಿದ್ದೇನೆ, ಮತ್ತು ಅದನ್ನು ಕಂಡಾಗಲೆಲ್ಲ ಸಿಟ್ಟು ಬಂದಿದೆ. ಅಕ್ಕ ತಾಯಂದಿರ ಸಭೆಗಳಲ್ಲಿ ವೈದ್ಯರ ಮಾತಿಗಿಂತ ಮೊದಲು ಪಂಚಸೂತಕದ ಮಾತನ್ನು ಎತ್ತುತ್ತಾರೆ. ವಯಸ್ಸಾದ ಅಜ್ಜಿಯರು ಇದಕ್ಕೆ ಕಿವಿಗೊಡುತ್ತಾರೆ. ಮನೆಯಲ್ಲಿ ಸೊಸೆಗೂ ಮೊಮ್ಮಗಳಿಗೂ ನಿಯಮ ಹಾಕುವವರು ಅವರೇ ಆದ್ದರಿಂದ ಅವರೊಬ್ಬರು ಒಪ್ಪಿದರೆ ಉಳಿದವರಿಗೆ ಹೇಳಬೇಕಾದದ್ದು ಬಹಳವಿರುವುದಿಲ್ಲ. ಎಲ್ಲ ಜಾತಿಯ ಓಣಿಗಳಲ್ಲೂ ಈ ಮಾತು ನಡೆಯುವುದಿಲ್ಲ, ತಾಂಡಾದಲ್ಲಿ ಬೇರೆ ಮಾತು, ಬೇರೆ ದಾರಿ.

ತಾಂಡಾದ ತಾಯಂದಿರ ಕಥೆಯನ್ನೂ ಮರೆಯುವಂತಿಲ್ಲ. ದೀಪಾವಳಿಯ ಹೊತ್ತಿಗೆ ಕಬ್ಬು ಕಡಿಯಲು ಬೆಳಗಾವಿ, ಬಾಗಲಕೋಟೆಯ ಗದ್ದೆಗಳಿಗೆ, ಗಡಿಯಾಚೆಯ ಕಾರ್ಖಾನೆಗಳಿಗೆ ಹೋದವರು ಯುಗಾದಿಯ ಹತ್ತಿರ ಮರಳುತ್ತಾರೆ. ಗದ್ದೆಯ ಬದುವಿನ ಜೋಪಡಿಯಲ್ಲಿ ಅವರಿಗೆ ಮರೆಯೂ ಇಲ್ಲ, ಬಿಡುವೂ ಇಲ್ಲ. ಒಂದು ದಿನ ಕೆಲಸ ತಪ್ಪಿದರೆ ಕೂಲಿಯವರನ್ನು ಕರೆತಂದ ಗುತ್ತಿಗೆದಾರ, ಮುಕಾದಮ, ದಂಡ ಹಿಡಿಯುತ್ತಾನೆ. ಬೀಡ್ ಜಿಲ್ಲೆಯ ಕಬ್ಬು ಕಡಿಯುವ ಹೆಣ್ಣುಮಕ್ಕಳು ಗರ್ಭಕೋಶವನ್ನೇ ತೆಗೆಸಿಕೊಳ್ಳುತ್ತಿದ್ದಾರೆಂದು 2019ರಲ್ಲಿ ಬಯಲಾಗಿ ಮಹಾರಾಷ್ಟ್ರ ಸರ್ಕಾರ ವಿಚಾರಣಾ ಸಮಿತಿ ನೇಮಿಸಬೇಕಾಯಿತು. ಅಂಥ ದುಡಿಮೆಯಿಂದ ಬಂದ ಅವ್ವನ ಮುಂದೆ ನಿಂತು ಮಗಳು ತನ್ನ ನಾಲ್ಕು ದಿನದ ಅನುಕೂಲಕ್ಕೆ ಹಣ ಕೇಳುವುದಾದರೂ ಹೇಗೆ?

ಖಾಲಿಯಾದ ಪೆಟ್ಟಿಗೆ

ಸ್ಕಾಟ್ಲೆಂಡಿನ ಸಂಸತ್ತು 2020ರ ನವೆಂಬರಿನಲ್ಲಿ ಮುಟ್ಟಿನ ಸಾಮಗ್ರಿಗಳನ್ನು ಉಚಿತವಾಗಿ ಒದಗಿಸುವ ಕಾಯ್ದೆಯನ್ನು ಒಪ್ಪಿತು, 2022ರ ಆಗಸ್ಟಿನಲ್ಲಿ ಅದು ಜಾರಿಗೆ ಬಂತು. ಅದನ್ನು ಮಂಡಿಸಿದ ಸದಸ್ಯೆ ಮೋನಿಕಾ ಲೆನನ್ ಅದಕ್ಕಾಗಿ ವರ್ಷಗಟ್ಟಲೆ ದುಡಿದಿದ್ದರು. ಸಾಮಗ್ರಿ ಸುಲಭವಾಗಿ ಸಿಗಬೇಕು, ಪಡೆಯುವವಳ ಘನತೆಗೆ ಕುಂದು ಬರಬಾರದು ಎಂದು ಆ ಕಾಯ್ದೆಯಲ್ಲೇ ಬರೆದಿದೆ. ಶ್ರೀಮಂತ ದೇಶ, ಅವರಿಗೆ ಆಗುತ್ತದೆ ಎನ್ನುವವರಿಗೆ ನಾನು ಹೇಳುವುದಿಷ್ಟೆ: ಘನತೆಯ ಭಾಗಕ್ಕೆ ಹಣ ಬೇಕಿಲ್ಲ, ಕಪಾಟಿನ ಪೊಟ್ಟಣಗಳನ್ನು ಶೌಚಾಲಯದೊಳಗೆ ಇಟ್ಟರೆ ಸಾಕು.

ಅಕ್ಕ ಒಪ್ಪಿಸಿದ ಕೆಲವು ಶಾಲೆಗಳಲ್ಲಿ ಹುಡುಗಿಯರ ಶೌಚಾಲಯದ ಒಳಗೋಡೆಗೆ ಒಂದು ಮರದ ಪೆಟ್ಟಿಗೆ ಹೊಡೆದಿದ್ದಾರೆ. ಬೀಗವಿಲ್ಲ, ಸಹಿಯಿಲ್ಲ, ಹೆಸರಿಲ್ಲ. ಹತ್ತನೆಯ ತರಗತಿಯ ಇಬ್ಬರು ಅದನ್ನು ತುಂಬುತ್ತಾರೆ. ಮೊದಲ ಸಲ ಅದು ಎರಡೇ ದಿನದಲ್ಲಿ ಖಾಲಿಯಾಯಿತು. ಶಿಕ್ಷಕರು, ನೋಡಿ, ಹೇಳಿರಲಿಲ್ಲವೇ, ಕದ್ದೊಯ್ಯುತ್ತಾರೆ ಎಂದರು. ಅಕ್ಕ ಮತ್ತೆ ತುಂಬಿಸಿದರು, ಮತ್ತೆ ಖಾಲಿಯಾಯಿತು. ಹುಡುಗಿಯರು ಒಯ್ದದ್ದು ತಂತಮ್ಮ ಮನೆಯ ಅಕ್ಕಂದಿರಿಗೆ, ಅವ್ವನಿಗೆ, ಶಾಲೆ ಬಿಟ್ಟು ಮನೆಯಲ್ಲಿರುವ ಗೆಳತಿಗೆ. ಅದನ್ನು ಕಳವೆಂದು ಬರೆದುಕೊಳ್ಳಬೇಕೋ, ಆ ಊರಿಗೆ ಎಷ್ಟು ಬೇಕೆಂಬ ಲೆಕ್ಕವೆಂದು ಬರೆದುಕೊಳ್ಳಬೇಕೋ? ಅಕ್ಕ ಎರಡನೆಯದನ್ನೇ ಬರೆದುಕೊಂಡರು. ನಾಲ್ಕಾರು ತಿಂಗಳಲ್ಲಿ ಕೆಲವು ಶಾಲೆಗಳಲ್ಲಿ ಪೆಟ್ಟಿಗೆ ಒಂದು ಹದಕ್ಕೆ ಬಂತು. ಒಂದೆಡೆ ಇಂದಿಗೂ ಬಂದಿಲ್ಲ, ಅಲ್ಲಿ ತುಂಬಿಸಿದ್ದೆಲ್ಲ ಹೋಗುತ್ತದೆ, ಅಲ್ಲಿಗೆ ಅವರು ಆಶಾ ಕಾರ್ಯಕರ್ತೆಯನ್ನು ಕರೆದುಕೊಂಡು ಮನೆಮನೆಗೆ ಹೋಗತೊಡಗಿದ್ದಾರೆ.

ಒಳ ಉಡುಪಿನ ಅರ್ಜಿ ಮಾತ್ರ ಮೇಜಿನಿಂದ ಮೇಜಿಗೆ ಸಾಗುತ್ತಿದೆ. ಇದಕ್ಕೆ ಲೆಕ್ಕಶೀರ್ಷಿಕೆ ಇಲ್ಲ ಎಂಬ ಉತ್ತರ ಬಂದಿದೆ. ಆದ್ದರಿಂದ ಅಕ್ಕ ಈಗ ಗ್ರಾಮಸಭೆಗಳಿಂದಲೂ ಶಾಲಾಭಿವೃದ್ಧಿ ಸಮಿತಿಗಳಿಂದಲೂ ಠರಾವು ಮಾಡಿಸಿ ಒಟ್ಟುಗೂಡಿಸುತ್ತಿದ್ದಾರೆ. ನಿಮ್ಮ ಊರಿನಲ್ಲೂ ಮುಂದಿನ ಸಭೆಗೆ ಇದನ್ನು ಒಯ್ಯಬಹುದು, ಭಾಷೆ ಸರಳವಾಗಿಯೇ ಇದೆ: "ಆರನೆಯ ತರಗತಿಯಿಂದ ಮೇಲಿನ ಎಲ್ಲ ವಿದ್ಯಾರ್ಥಿನಿಯರಿಗೆ ಪ್ರತಿ ವರ್ಷ ಸಮವಸ್ತ್ರದ ಜೊತೆ ನಾಲ್ಕು ಒಳ ಉಡುಪುಗಳನ್ನು ಸೇರಿಸಿ ಕೊಡಬೇಕು. ಪ್ಯಾಡ್‌ಗಳನ್ನು ಹುಡುಗಿಯರ ಶೌಚಾಲಯದ ಒಳಗೆ, ಬೀಗವಿಲ್ಲದೆ, ಸಹಿ ಪಡೆಯದೆ ಇಡಬೇಕು. ಶಾಲೆಯ ವೇಳೆಯಲ್ಲಿ ಶೌಚಾಲಯಕ್ಕೆ ಹೊರಗಿನಿಂದ ಬೀಗ ಹಾಕಬಾರದು. ಟಾಕಿಗೆ ಬೆಳಗ್ಗೆ ಹನ್ನೊಂದಕ್ಕೆ ನೀರು ಬಿಡಬೇಕು."